ಹತ್ತನೇ ಕ್ಲಾಸಿನ ಮಕ್ಕಳಿಗೆ ಕೆಲಸಗಳ ಬಗ್ಗೆ ಹೇಳೋಕೆ ಯಾವ ಪುಸ್ತಕ ನಂಬಬಹುದು?

#1 ಸಾಗರದ ಮೇಷ್ಟ್ರು

ಎಲ್ಲರಿಗೂ ನಮಸ್ಕಾರ. ಸಾಗರ ತಾಲ್ಲೂಕಿನ ಒಂದು ಸರ್ಕಾರಿ ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಪಾಠ ಮಾಡುತ್ತೇನೆ. ಈ ವರ್ಷ ನಮ್ಮ ಹೆಡ್‌ಮಾಸ್ಟರು ಲೈಬ್ರರಿಯ ಒಂದು ಮೂಲೆ ತೋರಿಸಿ, "ಇಲ್ಲಿ ವೃತ್ತಿ ಮಾರ್ಗದರ್ಶನ ಅಂತ ಏನಾದರೂ ಮಾಡಿ" ಅಂದರು. ಇರೋದು ಒಂದು ಕಪಾಟು, ಒಂದು ಹಳೇ ಕಂಪ್ಯೂಟರು, ಮನಸ್ಸು ಬಂದಾಗ ಬರುವ ಇಂಟರ್ನೆಟ್ಟು.

ಶುರುವಿಗೆ ಮಕ್ಕಳ ಕೈಲಿ ಚೀಟಿ ಬರೆಸಿದೆ. ನಿಮಗೆ ಗೊತ್ತಿರುವ ಕೆಲಸಗಳ ಹೆಸರು ಬರೀರಿ, ಅಷ್ಟೇ. 41 ಮಕ್ಕಳು ಸೇರಿ ಬರೆದದ್ದು ಬರೀ 23 ಕೆಲಸ. ಡಾಕ್ಟರು, ಇಂಜಿನಿಯರು, ಪೊಲೀಸು, ಟೀಚರು, ಮಿಲಿಟರಿ, ಡಿಸಿ, ಬ್ಯಾಂಕು... ಅಪ್ಪನೋ ಅಮ್ಮನೋ ಮಾಡುವ ಕೆಲಸ ಬರೆದವರು ಇಬ್ಬರೇ. ಅವರಲ್ಲಿ ಒಬ್ಬ ಹುಡುಗ "ಕೊನೆಗೌಡ" ಅಂತ ಬರೆದಿದ್ದ. ಬೇರೆ ಕಡೆಯವರಿಗೆ ಗೊತ್ತಿಲ್ಲದಿದ್ದರೆ: ಅಡಿಕೆ ಮರ ಹತ್ತಿ ಕೊನೆ, ಅಂದರೆ ಅಡಿಕೆಯ ಗೊನೆ, ಇಳಿಸುವವನು, ಮಳೆಗಾಲಕ್ಕೆ ಮುಂಚೆ ಮದ್ದು ಹೊಡೆಯುವವನು. ಪಕ್ಕದವರು ನೋಡಿ ನಕ್ಕರು. ಅವನು ಅದನ್ನು ಹೊಡೆದುಹಾಕಿ ಮೇಲೆ "ಪೊಲೀಸ್" ಅಂತ ಬರೆದ.

ಎಸ್ಸೆಸ್ಸೆಲ್ಸಿ ನಂತರ ಏನು ಅಂತ ಯೂಟ್ಯೂಬಿನಲ್ಲಿ ರಾಶಿ ವಿಡಿಯೊ ಇವೆ. ಎಲ್ಲದರಲ್ಲೂ ಒಂದೇ ಮಾತು, ಯಾವುದಕ್ಕೆ ಸ್ಕೋಪ್ ಇದೆ ಅಂತ. ಬೆಳಗ್ಗೆಯಿಂದ ಸಂಜೆವರೆಗೆ ಆ ಕೆಲಸದಲ್ಲಿ ಏನು ಮಾಡಬೇಕು ಅಂತ ಒಬ್ಬರೂ ಹೇಳಲ್ಲ. ಕೆಲಸಗಳನ್ನೆಲ್ಲ ಗುಂಪು ಮಾಡಿ, ಒಂದೊಂದರಲ್ಲೂ ಏನೇನು ಮಾಡಬೇಕು ಅಂತ ಬರೆದಿಟ್ಟ ಪುಸ್ತಕ ಏನಾದರೂ ಇದೆಯಾ? ದುಡ್ಡು ಕೊಡದೆ ಸಿಗುವಂಥದ್ದು ಆದರೆ ಒಳ್ಳೇದು.

#2 ಹಳೇ ವಿನಿಮಯ

ಇದೆ ಮೇಷ್ಟ್ರೇ. ನನ್ನ ಅರ್ಧ ಆಯಸ್ಸು ಆ ಪುಸ್ತಕದ ಜೊತೆಯಲ್ಲೇ ಹೋಯಿತು. ಉದ್ಯೋಗ ವಿನಿಮಯ ಕಚೇರಿಯಲ್ಲಿ ಗುಮಾಸ್ತನಾಗಿದ್ದೆ, ಈಗ ರಿಟೈರ್ಡು.

ಹೆಸರು ರಾಷ್ಟ್ರೀಯ ಉದ್ಯೋಗ ವರ್ಗೀಕರಣ. ಕಚೇರಿಯಲ್ಲಿ ಎಲ್ಲರೂ ಎನ್‌ಸಿಒ ಅನ್ನುತ್ತಿದ್ದೆವು. ಎರಡನೇ ಮಹಾಯುದ್ಧ ಮುಗಿದು ಸೈನ್ಯದಿಂದ ಸಾವಿರಾರು ಜನ ಊರಿಗೆ ವಾಪಸ್ ಬಂದಾಗ, ಅವರಿಗೆ ಕೆಲಸ ಹುಡುಕಿಕೊಡಲು 1945ರಲ್ಲಿ ಒಂದು ನಿರ್ದೇಶನಾಲಯ ಮಾಡಿದರು. ಬಂದವನನ್ನು ಏನು ಅಂತ ಬರೆದುಕೊಳ್ಳೋದು? ಲಾರಿ ಓಡಿಸಿದವನು, ತಂತಿ ಎಳೆದವನು, ಅಡುಗೆ ಮಾಡಿದವನು. ಅದಕ್ಕೆ 1946ರಲ್ಲಿ ಒಂದು ಕೈಪಿಡಿ ಬಂತು. ಮುಂದೆ 1958, 1968, 2004, ಕೊನೆಗೆ 2015ರ ಆವೃತ್ತಿ. ಈಗ ಬಳಕೆಯಲ್ಲಿ ಇರೋದು 2015ರದ್ದೇ. ಕೇಂದ್ರ ಕಾರ್ಮಿಕ ಸಚಿವಾಲಯದ್ದು, ಪಿಡಿಎಫ್ ಪುಕ್ಕಟೆ ಸಿಗುತ್ತದೆ. ಮೂರು ಸಾವಿರಕ್ಕಿಂತ ಜಾಸ್ತಿ ಕೆಲಸಗಳಿವೆ, ಒಂದೊಂದಕ್ಕೂ ನಾಲ್ಕೈದು ಸಾಲು ವಿವರ. ನಿಮ್ಮ 23ನ್ನು ಅದರ ಪಕ್ಕ ಇಟ್ಟು ನೋಡಿ!

ನಂಬರು ಓದುವುದು ಹೇಗೆ ಅಂತಲೂ ಹೇಳಿಬಿಡುತ್ತೇನೆ. ವೆಲ್ಡರ್ ತಗೊಳ್ಳಿ, 7212. ಮೊದಲ 7 ಅಂದರೆ ಕೈಕಸುಬಿನವರು. 72 ಅಂದರೆ ಲೋಹ ಮತ್ತು ಯಂತ್ರದ ಕೆಲಸದವರು. 721ರಲ್ಲಿ ತಗಡು ಕೆಲಸದವರು, ಎರಕ ಹೊಯ್ಯುವವರು, ವೆಲ್ಡರ್‌ಗಳು. 7212 ಅಂದರೆ ಬೆಸುಗೆ ಹಾಕುವವರು, ಗ್ಯಾಸ್ ಉರಿಯಲ್ಲಿ ಲೋಹ ಕತ್ತರಿಸುವವರು. ಇಷ್ಟು ಪ್ರಪಂಚಕ್ಕೆಲ್ಲ ಒಂದೇ. ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆಯ ಪಟ್ಟಿಯಿಂದ ಬಂದದ್ದು, ಅದನ್ನು ಐಸ್ಕೊ ಅನ್ನುತ್ತಾರೆ. ಈಗಿನದು 2008ರ ಆವೃತ್ತಿ: 10 ದೊಡ್ಡ ಗುಂಪು, 43 ಉಪಗುಂಪು, 130 ಸಣ್ಣ ಗುಂಪು, ತಳದಲ್ಲಿ 436 ಘಟಕ. ನಮ್ಮವರು ನಾಲ್ಕು ಅಂಕಿಯ ಮುಂದೆ ಒಂದು ಚುಕ್ಕೆ ಇಟ್ಟು ಇನ್ನೂ ನಾಲ್ಕು ಅಂಕಿ ಸೇರಿಸಿದ್ದಾರೆ. ಗ್ಯಾಸ್ ವೆಲ್ಡರ್ ಬೇರೆ, ಎಲೆಕ್ಟ್ರಿಕ್ ವೆಲ್ಡರ್ ಬೇರೆ ಅಂತ ಗೊತ್ತಾಗೋದು ಅಲ್ಲಿ.

ಒಂದು ತಮಾಷೆ ಹೇಳಲಾ? ನಮ್ಮ ಕಾಲದ ಪಟ್ಟಿಯಲ್ಲಿ ಯಾವ ಅನುಭವವೂ ಇಲ್ಲದೆ ಹೊಸದಾಗಿ ಕೆಲಸ ಹುಡುಕುವವರಿಗೆ ಒಂದರಿಂದ ಒಂಬತ್ತರಲ್ಲಿ ಜಾಗವೇ ಇರಲಿಲ್ಲ. ಅವರಿಗೆ ಎಕ್ಸ್ ಅಂತ ಒಂದು ಗುಂಪು. ಕೌಂಟರಿನ ಮುಂದೆ ಸಾಲುಗಟ್ಟಿ ನಿಂತಿರುತ್ತಿದ್ದ ಡಿಗ್ರಿ ಹುಡುಗರೆಲ್ಲ ನನ್ನ ರಿಜಿಸ್ಟರಿನಲ್ಲಿ ಎಕ್ಸ್. ಮೂರು ವರ್ಷಕ್ಕೊಮ್ಮೆ ಬಂದು ರಿನ್ಯೂವಲ್ ಮಾಡಿಸಿಕೊಂಡು, ಎಕ್ಸ್ ಆಗಿಯೇ ವಾಪಸ್ ಹೋಗುತ್ತಿದ್ದರು.

#3 ಸುಮ್ನೆ ಓದುಗ

ನಾನು ಇವತ್ತಿಗೂ ಎಕ್ಸೇ ಸಾರ್. 🙂

#4 ಗುಳೇದಗುಡ್ಡದ ಖಣ

ಮೇಷ್ಟ್ರೇ, ಈ ಪುಸ್ತಕ ತಂದು ಮಕ್ಕಳ ಮುಂದೆ ಇಡುವ ಮೊದಲು ಎರಡು ಸಲ ಯೋಚನೆ ಮಾಡಿ. ನಮ್ಮಪ್ಪ ಕೈಮಗ್ಗದಲ್ಲಿ ಖಣ ನೇಯುತ್ತಿದ್ದರು. ಆ ಪಟ್ಟಿ ಪ್ರಕಾರ ಅವರು 7. ಆಮೇಲೆ ಮನೆ ನಡೆಯದೆ ಪವರ್‌ಲೂಮಿಗೆ ಹೋದರು. ಅಲ್ಲಿ 8. ಅದೇ ಮನುಷ್ಯ, ಅದೇ ನೂಲು, ಅದೇ ಬಟ್ಟೆ. ಮ್ಯಾನೇಜರ್ 1, ಡಾಕ್ಟರ್ 2, ಗುಮಾಸ್ತ 4, ನೇಕಾರ 7, ಮನೆಗೆಲಸದವರು 9. ನಿಮ್ಮ ಹುಡುಗ "ಕೊನೆಗೌಡ" ಹೊಡೆದುಹಾಕಿದ್ದು ಯಾಕೆ ಅಂತ ಇದೇ ಹೇಳುತ್ತದೆ. ನಮ್ಮಲ್ಲಿ ಮೊದಲೇ ಒಂದು ಏಣಿ ಇದೆ, ಯಾರ ಮಗ ಯಾವ ಕಸುಬು ಅಂತ. ಈಗ ಅದಕ್ಕೆ ನಂಬರು ಅಂಟಿಸಿದ ಹಾಗೆ ಆಯಿತು, ಅಲ್ವಾ?

#5 ಗಣತಿ ಮೇಡಂ

ಖಣ ಅವರೇ, ನಿಮ್ಮ ಸಿಟ್ಟು ಅರ್ಥ ಆಗುತ್ತದೆ. ಆದರೆ ನಂಬರನ್ನು ತಪ್ಪಾಗಿ ಓದಿದ್ದೀರಿ. ನಾನು ಕೆಲವು ವರ್ಷ ಮನೆ ಮನೆ ಸಮೀಕ್ಷೆ ಮಾಡಿದವಳು, ಈ ಕೋಡುಗಳ ಜೊತೆಯಲ್ಲೇ ಊಟ ಮಾಡಿದ್ದೇನೆ.

ಇದು ರ‍್ಯಾಂಕ್ ಅಲ್ಲ. ಕೌಶಲ್ಯದ ಮಟ್ಟ ಅಂತ ಬೇರೆಯೇ ಒಂದು ಲೆಕ್ಕ ಇದೆ, ಒಟ್ಟು ನಾಲ್ಕು. ಐಸ್ಕೊದಲ್ಲಿ 4ರಿಂದ 8ರವರೆಗಿನ ಎಲ್ಲ ಗುಂಪುಗಳೂ ಒಂದೇ ಮಟ್ಟ, ಎರಡನೆಯದು. ಅಂದರೆ ಆಫೀಸಿನ ಗುಮಾಸ್ತ, ಅಡುಗೆಭಟ್ಟ, ರೇಷ್ಮೆ ಬೆಳೆಗಾರ, ನಿಮ್ಮಪ್ಪ, ಬಸ್ ಡ್ರೈವರ್ ಎಲ್ಲ ಒಂದೇ ಪಂಕ್ತಿ. 7ರಿಂದ 8ಕ್ಕೆ ಹೋದದ್ದು ಇಳಿದದ್ದಲ್ಲ. ಕೈಯಿಂದ ಬಟ್ಟೆ ಮಾಡುವುದಕ್ಕೂ, ಬಟ್ಟೆ ಮಾಡುವ ಮೆಷೀನು ನೋಡಿಕೊಳ್ಳುವುದಕ್ಕೂ ಬೇರೆ ಬೇರೆ ತಿಳಿವಳಿಕೆ ಬೇಕು ಅಂತ ಅಷ್ಟೇ. ಗುಮಾಸ್ತ ನೇಕಾರನಿಗಿಂತ ಮೇಲೆ ಅಂತ ಪುಸ್ತಕ ಹೇಳಿಲ್ಲ. ಹೇಳಿದ್ದು ಹೆಣ್ಣು ಕೊಡುವ ಮನೆಯವರು.

9ನೇ ಗುಂಪಿನ ವಿಷಯದಲ್ಲಿ ಮಾತ್ರ ನಿಮ್ಮ ಮಾತು ಒಪ್ಪುತ್ತೇನೆ. ಅದನ್ನು ಮೊದಲ ಮಟ್ಟ ಅಂತ ಇಟ್ಟಿದ್ದಾರೆ, ಸರಳ ಕೆಲಸ ಅಂತ. ಕಟ್ಟಡದ ಕೂಲಿ, ಹೊಲದ ಕೂಲಿ ಎಲ್ಲ ಅಲ್ಲಿಗೇ ಹೋಗುತ್ತವೆ. ನನಗೆ ಜಾಸ್ತಿ ತಲೆನೋವು ಕೊಟ್ಟದ್ದೂ ಅದೇ ಪದ, "ಕೂಲಿ". ಏನು ಕೆಲಸ ಮಾಡ್ತೀರಿ ಅಂದರೆ ಅರ್ಧ ಊರು "ಕೂಲಿ ಮೇಡಂ" ಅನ್ನುತ್ತದೆ. ಕೂಲಿ ಅನ್ನೋದು ಕೆಲಸ ಅಲ್ಲ, ದುಡ್ಡು ಸಿಗುವ ರೀತಿ. ಬಿಡಿಸಿ ಕೇಳಬೇಕು. ಬೆಳಗ್ಗೆ ಹೋಗಿ ಕೈಗೆ ಮೊದಲು ಏನು ತಗೋತೀರಿ ಅಂತ ಕೇಳುತ್ತಿದ್ದೆ. ಕರಣೆ ಅಂದರೆ ಗಾರೆಯವನು, 7ನೇ ಗುಂಪು. ಬಾಣಲಿ ಅಂದರೆ 9. ಇಬ್ಬರೂ ಒಂದೇ ಸೈಟಿನಲ್ಲಿ ಇರುತ್ತಾರೆ, ಇಬ್ಬರೂ ಹೇಳೋದು ಕೂಲಿ ಅಂತಲೇ.

ಹೆಂಗಸರದ್ದು ಇನ್ನೂ ಕಷ್ಟ. "ಏನೂ ಇಲ್ಲಮ್ಮ, ಮನೇಲೇ ಇರ್ತೀನಿ" ಅನ್ನುತ್ತಾರೆ. ಮಾತಾಡುವಾಗ ಬೆರಳು ಮಾತ್ರ ಬೀಡಿ ಸುತ್ತುತ್ತಲೇ ಇರುತ್ತವೆ. ಬೀಡಿ ಕಟ್ಟುವವರಿಗೂ ಕೋಡ್ ಇದೆ, 7516. ಅದೂ ಕೈಕಸುಬಿನ ಗುಂಪೇ. ಮುಖ್ಯ ಚಟುವಟಿಕೆ, ಪೂರಕ ಚಟುವಟಿಕೆ ಅಂತ ಎರಡು ಸಲ ಕೇಳುವ ನಿಯಮ ಇರೋದೇ ಇದಕ್ಕೆ. ಎರಡನೇ ಸಲ ಕೇಳದಿದ್ದರೆ ಆ ಹೆಂಗಸಿನ ಕೆಲಸ ದೇಶದ ಲೆಕ್ಕದಿಂದಲೇ ಮಾಯ.

ಇನ್ನೊಂದು ಗೊಂದಲ ಮಕ್ಕಳಿಗೆ ಮೊದಲೇ ಬಿಡಿಸಿ ಮೇಷ್ಟ್ರೇ. ಮಾಡುವ ಕೆಲಸ ಬೇರೆ, ಕೆಲಸ ಮಾಡುವ ಜಾಗ ಬೇರೆ. "ಬ್ಯಾಂಕು" ಅಂತ ಬರೆದಿದ್ದಾರಲ್ಲ, ಅದು ಜಾಗ. ಅಲ್ಲಿ ಕ್ಯಾಷಿಯರ್ ಇದ್ದಾರೆ, ವಕೀಲರಿದ್ದಾರೆ, ಸಾಫ್ಟ್‌ವೇರ್‌ನವರಿದ್ದಾರೆ, ಬಾಗಿಲಲ್ಲಿ ಕಾವಲಿನವರಿದ್ದಾರೆ. ಜಾಗಗಳಿಗೆ ಎನ್‌ಐಸಿ ಅಂತ ಬೇರೆ ಪಟ್ಟಿಯೇ ಇದೆ. ಆಸ್ಪತ್ರೆಯ ಡ್ರೈವರ್ ಕೆಲಸದ ಪಟ್ಟಿಯಲ್ಲಿ ಡ್ರೈವರ್, ಜಾಗದ ಪಟ್ಟಿಯಲ್ಲಿ ಆಸ್ಪತ್ರೆ.

#6 ಗುಳೇದಗುಡ್ಡದ ಖಣ

ಗುಮಾಸ್ತ, ನೇಕಾರ ಒಂದೇ ಪಂಕ್ತಿ ಅನ್ನೋದು ನನಗೆ ಗೊತ್ತಿರಲಿಲ್ಲ. ಅಪ್ಪನಿಗೆ ಹೇಳಿದೆ. "ಪಂಕ್ತಿ ಒಂದೇ, ಬಡಿಸುವುದು ಬೇರೆ" ಅಂದರು.

#7 ಫಿಟ್ಟರ್ ಗುರು

ಐಟಿಐನಲ್ಲಿ 19 ವರ್ಷದಿಂದ ಕಲಿಸುತ್ತಿದ್ದೇನೆ. ಈ ಕೋಡು ಪೂರ್ತಿ ಕಂಠಪಾಠ ಮಾಡುವ ಅಗತ್ಯ ಯಾರಿಗೂ ಇಲ್ಲ. ಮಕ್ಕಳಿಗೆ ಇದರಿಂದ ಒಂದೇ ಉಪಯೋಗ, ಪಕ್ಕದ ಮನೆ ಯಾವುದು ಅಂತ ತಿಳಿಯೋದು.

ಕರೆಂಟಿನ ಕೆಲಸ ಇಷ್ಟ ಅನ್ನುವ ಹುಡುಗ ಬಂದ ಅಂತ ಇಟ್ಟುಕೊಳ್ಳಿ. ಮನೆಯವರಿಗೆ ಗೊತ್ತಿರುವುದು ಎರಡೇ: ಎಲೆಕ್ಟ್ರಿಕಲ್ ಇಂಜಿನಿಯರು, ಇಲ್ಲವಾದರೆ ವೈರಿಂಗ್ ಹುಡುಗ. ಪಟ್ಟಿ ತೆಗೆದರೆ 7411 ಕಟ್ಟಡದ ವೈರಿಂಗ್ ಮಾಡುವವರು. 7412 ಮೋಟಾರು, ಟ್ರಾನ್ಸ್‌ಫಾರ್ಮರು, ಪ್ಯಾನೆಲ್ ರಿಪೇರಿಯವರು. 7413 ಕಂಬದ ಮೇಲಿನ ಲೈನ್‌ಮನ್. 3113 ತಂತ್ರಜ್ಞ, ಡಿಪ್ಲೊಮಾ ಮಾಡಿದವರು ಜಾಸ್ತಿ ಸೇರುವ ಜಾಗ. 2151 ಇಂಜಿನಿಯರು. ಎರಡು ಮನೆ ಅಂದುಕೊಂಡದ್ದು ಒಂದು ಬೀದಿಯೇ ಆಗಿರುತ್ತದೆ.

ಆ ಬೀದಿಯಲ್ಲಿ ನಡೆದು ಹೋಗುವ ದಾರಿಯೂ ಇದೆ. ಹತ್ತು ಪಾಸಾದ ಮೇಲೆ ಐಟಿಐ ಎಲೆಕ್ಟ್ರಿಷಿಯನ್ ಎರಡು ವರ್ಷ. ಅಲ್ಲಿಂದ ಡಿಪ್ಲೊಮಾದ ಎರಡನೇ ವರ್ಷಕ್ಕೆ ನೇರ ಪ್ರವೇಶ ಇದೆ. ಡಿಪ್ಲೊಮಾ ಮುಗಿಸಿ ಕೆಇಎ (ಕರ್ನಾಟಕ ಪರೀಕ್ಷಾ ಪ್ರಾಧಿಕಾರ) ನಡೆಸುವ ಡಿಸಿಇಟಿ ಪ್ರವೇಶ ಪರೀಕ್ಷೆ ಬರೆದರೆ ಇಂಜಿನಿಯರಿಂಗ್ ಎರಡನೇ ವರ್ಷ. ನಡುವೆ ಎಲ್ಲಿ ಬೇಕಾದರೂ ನಿಂತು ದುಡಿಯಬಹುದು, ಅಪ್ರೆಂಟಿಸ್ ಆಗಿ ಸ್ಟೈಪೆಂಡ್ ತಗೊಂಡು ಕಲಿಯಬಹುದು. ನನ್ನ ಹಳೇ ವಿದ್ಯಾರ್ಥಿಯೊಬ್ಬ ಹೀಗೇ 7412ರಿಂದ 2151ಕ್ಕೆ ಹೋದ. ಒಂಬತ್ತು ವರ್ಷ ಹಿಡಿಯಿತು. ಈಗ ಸಿಕ್ಕಾಗ ಹೇಳುತ್ತಾನೆ, ಪ್ಯಾನೆಲ್ ಬಾಗಿಲು ತೆಗೆದು ಬರೀ ವಾಸನೆ ಹಿಡಿದು ಯಾವ ಕಾಂಟ್ಯಾಕ್ಟರ್ ಸ್ವಿಚ್ಚು ಸುಟ್ಟಿದೆ ಅಂತ ಹೇಳೋದು ಜೊತೆಯ ಇಂಜಿನಿಯರುಗಳಿಗೆ ಬರಲ್ಲ ಅಂತ.

ವೆಲ್ಡರ್ ಟ್ರೇಡ್ ಒಂದೇ ವರ್ಷ, ಎಂಟನೇ ಕ್ಲಾಸ್ ಪಾಸಾದರೂ ಸಾಕು. ಹತ್ತರಲ್ಲಿ ಫೇಲಾದ ಮಗುವಿನ ಮನೆಯಲ್ಲಿ ಇದು ಯಾರಿಗೂ ಗೊತ್ತಿರುವುದಿಲ್ಲ. ರಿಸಲ್ಟ್ ಬಂದ ದಿನ ನೋಟಿಸ್ ಬೋರ್ಡಿನಲ್ಲಿ ಮೊದಲು ಇದನ್ನು ಹಾಕಿ ಮೇಷ್ಟ್ರೇ.

#8 ಪಿಯುಸಿ ಅಮ್ಮ, ಮೈಸೂರು

ಗುರುಗಳೇ, ನಿಮ್ಮ ಪಕ್ಕದ ಮನೆ ಮಾತು ಓದಿ ನನ್ನ ಕಥೆ ಹೇಳಬೇಕು ಅನ್ನಿಸಿತು.

ಮಗಳು ಪಿಯುಸಿ ಸೈನ್ಸು. ಡಾಕ್ಟರೇ ಆಗಬೇಕು ಅಂತ. ನೀಟ್‌ನಲ್ಲಿ ಮೊದಲ ಸಲ ಸೀಟು ಬರುವಷ್ಟು ಅಂಕ ಬರಲಿಲ್ಲ, ಮನೆ ಒಂಥರಾ ಸಾವಿನ ಮನೆ ಆಗಿಹೋಯಿತು. ಆಗ ಯಾರೋ ಹೇಳಿದರು ಅಂತ ಒಂದು ಸಂಸ್ಥೆಗೆ ಕರೆದುಕೊಂಡು ಹೋದೆ. ಹತ್ತೂ ಬೆರಳಿನ ಗುರುತು ಸ್ಕ್ಯಾನ್ ಮಾಡಿ, ಮಿದುಳಿನ ಯಾವ ಭಾಗ ಚುರುಕು ಅಂತ ಬಣ್ಣ ಬಣ್ಣದ 40 ಪುಟದ ವರದಿ ಕೊಟ್ಟರು. 4,500 ರೂಪಾಯಿ. ಕೊನೇ ಪುಟದಲ್ಲಿ ಡಾಕ್ಟರ್, ಇಂಜಿನಿಯರ್, ಐಎಎಸ್, ಉದ್ಯಮಿ, ಕಲಾವಿದೆ ಎಲ್ಲದಕ್ಕೂ "ಸೂಕ್ತ" ಅಂತ ಇತ್ತು. ನಮ್ಮ ಬೀದಿ ಕೊನೆಯ ಗಿಣಿ ಶಾಸ್ತ್ರದವನಾದರೆ 50 ರೂಪಾಯಿಗೆ ಇದನ್ನೇ ಹೇಳುತ್ತಿದ್ದ.

ಆಮೇಲೆ ಅಕ್ಕನ ಮಗ ಐಸ್ಕೊ ಪಟ್ಟಿಯ ಆರೋಗ್ಯದ ಭಾಗ ತೆಗೆದು ತೋರಿಸಿದ. ನರ್ಸು, ಫಿಸಿಯೊಥೆರಪಿ, ಆಹಾರ ತಜ್ಞರು, ಕಣ್ಣಿನ ಆಪ್ಟೊಮೆಟ್ರಿ, ಲ್ಯಾಬು, ಎಕ್ಸ್‌ರೇ, ಹೀಗೆ ಒಂದರ ಕೆಳಗೆ ಒಂದು. ಅದರಲ್ಲಿ 2266 ಅಂತ ಒಂದಿತ್ತು, ಕಿವಿ ಕೇಳಿಸುವುದು ಮತ್ತು ಮಾತಿನ ತೊಂದರೆ ನೋಡುವವರು. ಮಗಳು ಅದರ ವಿವರ ಓದಿ, "ಅಮ್ಮಾ, ಇದು ನಮ್ಮ ವಾಕ್ ಶ್ರವಣ ಸಂಸ್ಥೆಯಲ್ಲಿ ಮಾಡ್ತಾರಲ್ಲ ಅದೇ ಅಲ್ವಾ?" ಅಂದಳು. ನಮ್ಮ ಮನೆಯಿಂದ ಮಾನಸಗಂಗೋತ್ರಿ ಎಷ್ಟು ದೂರ ಅಂತೀರಿ? ದಿನಾ ಅದರ ಗೇಟಿನ ಮುಂದೆ ಸ್ಕೂಟರಿನಲ್ಲಿ ಹೋಗುತ್ತಿದ್ದೆವು. ಒಳಗೆ ಓದುವ ಕೋರ್ಸು ಇದೆ, ಅದು ಒಂದು ಜೀವನ ಅಂತ ನಮಗೆ ಹೊಳೆದೇ ಇರಲಿಲ್ಲ.

ಸೀಟು ಸಿಕ್ಕಿತಾ ಅಂತ ಕೇಳಬೇಡಿ, ಇನ್ನೂ ಕೌನ್ಸೆಲಿಂಗ್ ನಡೆಯುತ್ತಿದೆ. ಆದರೆ ಮಗಳು ಊಟ ಸರಿಯಾಗಿ ಮಾಡುತ್ತಿದ್ದಾಳೆ.

#9 ಫಿಟ್ಟರ್ ಗುರು

ಅಕ್ಕಾ, ಆ ಬೆರಳ ಗುರುತಿನ ಪರೀಕ್ಷೆಗೆ ವಿಜ್ಞಾನದ ಬುಡವೇ ಇಲ್ಲ. ಎಷ್ಟೋ ಶಾಲೆಗಳಲ್ಲಿ ಕ್ಯಾಂಪ್ ಹಾಕಿ ಮಾಡುತ್ತಾರೆ. ಮೇಷ್ಟ್ರೇ, ನಿಮ್ಮಲ್ಲಿಗೂ ಬರುತ್ತಾರೆ, ಹೆಡ್‌ಮಾಸ್ಟರಿಗೆ ಈಗಲೇ ಹೇಳಿಡಿ.

#10 ಒಂಟಾರಿಯೊ ಅಕ್ಕ

ದೂರದಿಂದ ಒಂದು ಮಾತು. ಇಲ್ಲಿ ಕೆನಡಾದಲ್ಲಿ ಈ ವರ್ಗೀಕರಣ ಅನ್ನೋದು ಲೈಬ್ರರಿ ಪುಸ್ತಕ ಅಲ್ಲ, ಹಣೆಬರಹ. ಇಲ್ಲಿನದನ್ನು ಎನ್‌ಒಸಿ ಅನ್ನುತ್ತಾರೆ. ಈಗ 2021ರ ಆವೃತ್ತಿ, ಐದು ಅಂಕಿ, 516 ಘಟಕ. ಎರಡನೇ ಅಂಕಿ ನೋಡಿದರೆ ಆ ಕೆಲಸಕ್ಕೆ ಎಷ್ಟು ಓದು, ತರಬೇತಿ ಬೇಕು ಅಂತ ಗೊತ್ತಾಗುತ್ತದೆ. ವೆಲ್ಡರ್ 72106, ಅಂದರೆ 2ನೇ ಹಂತ. ನರ್ಸ್ 31301, 1ನೇ ಹಂತ. ಲಾರಿ ಡ್ರೈವರ್ 73300, 3ನೇ ಹಂತ. ಹಳೇ ಆವೃತ್ತಿಯಲ್ಲಿ ಲಾರಿ ಡ್ರೈವರನ್ನು ಕೆಳಗಿನ ಗುಂಪಿನಲ್ಲಿ ಇಟ್ಟಿದ್ದರು, ಎಕ್ಸ್‌ಪ್ರೆಸ್ ಎಂಟ್ರಿ ಅನ್ನುವ ವಲಸೆ ವ್ಯವಸ್ಥೆಯಲ್ಲಿ ಅರ್ಜಿ ಹಾಕುವ ಹಾಗೇ ಇರಲಿಲ್ಲ. 2022ರ ನವೆಂಬರ್‌ನಲ್ಲಿ ಹೊಸ ಆವೃತ್ತಿ ಜಾರಿ ಮಾಡಿದರು, ಬಾಗಿಲು ತೆಗೆಯಿತು. ಲಾರಿ ಅದೇ, ರಸ್ತೆ ಅದೇ. ಖಣ ಅವರ ಅಪ್ಪನ ಕಥೆ ಓದಿ ಇದು ನೆನಪಾಯಿತು.

ನಾನು ಕಲಿತ ಪಾಠ: ಹೆಸರು ನೋಡಬೇಡಿ, ಕೆಲಸದ ವಿವರ ನೋಡಿ. ಬೆಂಗಳೂರಿನಲ್ಲಿ ನನ್ನ ಡೆಸಿಗ್ನೇಷನ್ ಭಾರಿ ಉದ್ದ ಇತ್ತು, "ಲೀಡ್" ಅಂತೆಲ್ಲ. ಮಾಡುತ್ತಿದ್ದದ್ದು ಕೋಡ್ ಬರೆಯುವುದು, ಟೆಸ್ಟ್ ಮಾಡುವುದು. ಇಲ್ಲಿ ಅರ್ಜಿ ಹಾಕುವಾಗ ಡೆಸಿಗ್ನೇಷನ್ನಿಗೆ ಮೂರು ಕಾಸಿನ ಬೆಲೆ ಇಲ್ಲ. ಪಟ್ಟಿಯಲ್ಲಿರುವ ಮುಖ್ಯ ಕೆಲಸಗಳಲ್ಲಿ ನೀನು ಎಷ್ಟು ಮಾಡಿದ್ದೀಯ ಅಂತ ಹಳೇ ಕಂಪನಿಯಿಂದ ಪತ್ರ ತರಬೇಕು. ಆ ಪತ್ರಕ್ಕೆ ನಾನು ಅಲೆದದ್ದು ಬೇರೆಯೇ ಪುರಾಣ, ಬಿಡಿ.

ಮಕ್ಕಳಿಗೆ ಓದಲು ಅಮೆರಿಕದ ಕಾರ್ಮಿಕ ಇಲಾಖೆಯ ಓನೆಟ್ ಚೆನ್ನಾಗಿದೆ. ಇಂಟರ್ನೆಟ್ಟಿನಲ್ಲಿ ಪುಕ್ಕಟೆ. ಒಂದೊಂದು ಕೆಲಸಕ್ಕೂ ಮಾಡಬೇಕಾದ್ದು ಏನು, ಬಳಸುವ ಸಾಮಾನು ಏನು, ನಿಂತು ಮಾಡುವುದಾ ಕೂತು ಮಾಡುವುದಾ, ಎಷ್ಟು ಜನರ ಜೊತೆ ಮಾತಾಡಬೇಕು, ಎಲ್ಲ ಬರೆದಿದ್ದಾರೆ. ಮೊದಲು ಅಲ್ಲಿ 1939ರಿಂದ ಒಂದು ದಪ್ಪ ನಿಘಂಟು ಇತ್ತು, ಕೆಲಸಗಳ ನಿಘಂಟು. ಅದರ ಜಾಗಕ್ಕೆ ಬಂದದ್ದು ಇದು. ಸಂಬಳ, ಬೇಡಿಕೆ ಬರೆದಿರುವ ಭಾಗ ಮಾತ್ರ ಮಕ್ಕಳಿಗೆ ತೋರಿಸಬೇಡಿ. ಅದು ಅಲ್ಲಿಯ ಲೆಕ್ಕ. ಡಾಲರ್ ನೋಡಿ ರೂಪಾಯಿಗೆ ಗುಣಿಸುತ್ತಾ ಕೂರುತ್ತಾರೆ.

ಅದರಲ್ಲೇ ಒಂದು ಆಸಕ್ತಿ ಪರೀಕ್ಷೆಯೂ ಇದೆ. ಜಾನ್ ಹಾಲಂಡ್ ಅನ್ನುವ ಮನಶ್ಶಾಸ್ತ್ರಜ್ಞರು ಮಾಡಿದ ಆರು ಬಗೆಗಳನ್ನು ಹಿಡಿದು ಮಾಡಿದ್ದು. ನನ್ನ ಮಾತಿನಲ್ಲಿ ಹೇಳುವುದಾದರೆ ಕೈಕೆಲಸ, ಹುಡುಕಾಟ, ಕಲೆ, ಜನರ ಜೊತೆಯ ಕೆಲಸ, ವ್ಯವಹಾರ, ಲೆಕ್ಕಪತ್ರ. 60 ಪ್ರಶ್ನೆ. ಉತ್ತರಕ್ಕೆ ಸರಿ ತಪ್ಪು ಇಲ್ಲ, ಇಷ್ಟವೋ ಇಲ್ಲವೋ ಅಷ್ಟೇ.

#11 ಸಾಗರದ ಮೇಷ್ಟ್ರು

ಇಷ್ಟು ಉತ್ತರ ಬರುತ್ತವೆ ಅಂದುಕೊಂಡಿರಲಿಲ್ಲ. ಎಲ್ಲರಿಗೂ ಥ್ಯಾಂಕ್ಸ್. ಹತ್ತು ದಿನ ಆಯಿತು, ಏನಾಯಿತು ಅಂತ ಹೇಳುತ್ತೇನೆ.

ಎನ್‌ಸಿಒ ಪಿಡಿಎಫ್ ಇಳಿಸಿಕೊಂಡೆ. ಇಂಗ್ಲಿಷು ಒಣಕಲು. ಮಕ್ಕಳ ಕೈಗೆ ಹಾಗೇ ಕೊಡುವಂಥದ್ದಲ್ಲ. ಆದರೆ ನನಗೆ ಬೇಕಾದ ಜೀವಾಳ ಅದರಲ್ಲಿದೆ. ಪ್ರತಿ ಕೆಲಸದ ವಿವರವೂ ಕ್ರಿಯಾಪದಗಳಿಂದಲೇ ತುಂಬಿದೆ: ಅಳೆಯುತ್ತಾನೆ, ಕತ್ತರಿಸುತ್ತಾನೆ, ಜೋಡಿಸುತ್ತಾನೆ, ಪರೀಕ್ಷಿಸುತ್ತಾನೆ. ನಮ್ಮ ಯೂಟ್ಯೂಬ್ ವಿಡಿಯೊಗಳಲ್ಲಿ ಇಲ್ಲದಿರೋದು ಈ ಕ್ರಿಯಾಪದಗಳೇ.

ಆಸಕ್ತಿ ಪರೀಕ್ಷೆಯನ್ನು ಕನ್ನಡದಲ್ಲಿ ಬಾಯಲ್ಲೇ ಹೇಳಿ ಮಾಡಿಸಿದೆ. ಅಲ್ಲೊಂದು ಎಡವಟ್ಟಾಯಿತು. "ಇಟ್ಟಿಗೆ ಕಟ್ಟುವುದು ಅಥವಾ ಟೈಲ್ಸ್ ಹಾಕುವುದು ಇಷ್ಟವೇ?" ಅಂತ ಒಂದು ಪ್ರಶ್ನೆ ಇದೆ. ಇಡೀ ಕ್ಲಾಸು ಒಂದೇ ಬಾಯಲ್ಲಿ "ಇಲ್ಲಾ ಸಾರ್". "ಹೊಸ ಔಷಧಿ ಕಂಡುಹಿಡಿಯುವುದು?" "ಇಷ್ಟಾ ಸಾರ್!" ಅದೇ ಮಕ್ಕಳು ಹಿಂದಿನ ವಾರ ಶಾಲೆ ತೋಟಕ್ಕೆ ಇಟ್ಟಿಗೆಯ ಅಂಚು ಕಟ್ಟಿದ್ದರು. ಮಧ್ಯಾಹ್ನದ ಬೆಲ್ ಹೊಡೆದರೂ ಎದ್ದಿರಲಿಲ್ಲ. ಅವರು ಉತ್ತರ ಕೊಟ್ಟದ್ದು ಇಷ್ಟಕ್ಕಲ್ಲ, ಮರ್ಯಾದೆಗೆ. ಹೀಗಾಗಿ ಆ ಪರೀಕ್ಷೆಯನ್ನು ಪಕ್ಕಕ್ಕಿಟ್ಟೆ.

ಎನ್‌ಸಿಇಆರ್‌ಟಿ ಮತ್ತು ಯುನಿಸೆಫ್ ಸೇರಿ ಮಾಡಿದ 500 ವೃತ್ತಿ ಕಾರ್ಡುಗಳೂ ಸಿಕ್ಕವು. ಏನು ಓದಬೇಕು, ಎಲ್ಲಿ ಓದಬೇಕು ಅನ್ನುವುದಕ್ಕೆ ಅನುಕೂಲ. ಒಂದಷ್ಟು ಪ್ರಿಂಟ್ ತೆಗೆದು ಕಪಾಟಿನಲ್ಲಿಟ್ಟೆ.

ಈಗ ಒಂದು ಪ್ರಶ್ನೆ ಹಾಗೇ ಉಳಿದಿದೆ. ನಮ್ಮ ಕೊನೆಗೌಡನ ಕೋಡು ಯಾವುದು?

#12 ಹಳೇ ವಿನಿಮಯ

ನಾನಾದರೆ ಕಣ್ಣು ಮುಚ್ಚಿ 9211 ಹಾಕುತ್ತಿದ್ದೆ. ಹೊಲ ತೋಟದ ಕೂಲಿ.

#13 ಗಣತಿ ಮೇಡಂ

ಕಣ್ಣು ಮುಚ್ಚಿದ್ದೇ ತಪ್ಪು ಸಾರ್! ಅವರು ಏನು ಮಾಡುತ್ತಾರೆ ಅಂತ ಕೇಳದೆ ಹೇಗೆ ಹಾಕುತ್ತೀರಿ? 9211 ಅಂದರೆ ಸರಳವಾದ, ದಿನಾ ಒಂದೇ ಥರದ ಕೆಲಸ, ಇನ್ನೊಬ್ಬರು ಹೇಳಿದ ಹಾಗೆ ಮಾಡುವುದು. 6112 ಅಂದರೆ ಮರದ ಬೆಳೆ ಬೆಳೆಯುವವರು, ಯಾವಾಗ ಏನು ಮಾಡಬೇಕು ಅಂತ ತಾವೇ ನಿರ್ಧಾರ ಮಾಡುವವರು. ಮೇಷ್ಟ್ರೇ, ಕೊನೆ ಹಣ್ಣಾಗಿದೆಯಾ, ಇಳಿಸಬಹುದಾ ಅಂತ ಹೇಳುವವರು ಯಾರು, ತೋಟದವರಾ ಕೊನೆಗೌಡರಾ?

#14 ಸಾಗರದ ಮೇಷ್ಟ್ರು

ಒಳ್ಳೇ ಪ್ರಶ್ನೆ ಕೇಳಿದಿರಿ. ತೋಟದವರು ದಿನ ಗೊತ್ತು ಮಾಡುತ್ತಾರೆ. ಮರದ ತುದಿಯಲ್ಲಿ ಯಾವ ಕೊನೆ ಬಿಡಬೇಕು, ಯಾವುದು ಕೊಯ್ಯಬೇಕು ಅಂತ ತೀರ್ಮಾನ ಕೊನೆಗೌಡರದ್ದೇ. ಕೆಳಗಿನಿಂದ ಕಾಣುವುದೂ ಇಲ್ಲ. ಒಂದು ಮರದಿಂದ ಇಳಿಯದೆ ಪಕ್ಕದ ಮರಕ್ಕೆ ದಾಟುತ್ತಾರೆ. ಕೊಳೆ ರೋಗಕ್ಕೆ ಮೈಲುತುತ್ತ, ಸುಣ್ಣ ಬೆರೆಸಿದ ಬೋರ್ಡೊ ಮದ್ದು ಹೊಡೆಯುವಾಗ ಒಂದೊಂದು ಕೊನೆಗೂ ಸರಿಯಾಗಿ ತಾಗಿಸಬೇಕು. ತಪ್ಪಿದರೆ ಆ ವರ್ಷದ ಫಸಲು ನೆಲಕ್ಕೆ.

#15 ಗಣತಿ ಮೇಡಂ

ಹಾಗಾದರೆ ಅದು ಸರಳ ಕೆಲಸ ಅಂತ ನಾನಂತೂ ಬರೆಯಲಾರೆ. ಬೆಳೆಗಾರರು ಅಂತಲೂ ಬರೆಯಲು ಬರುವುದಿಲ್ಲ, ತೋಟ ಅವರದ್ದಲ್ಲ, ಬೇಸಾಯ ಪೂರ್ತಿ ಅವರು ನೋಡಿಕೊಳ್ಳುವುದಿಲ್ಲ. ಸಮೀಕ್ಷೆಯಲ್ಲಿ ಇಂಥದ್ದು ಬಂದರೆ ಪಕ್ಕದಲ್ಲಿ ವಿವರ ಬರೆದು ಮೇಲಿನವರಿಗೆ ಬಿಡುತ್ತಿದ್ದೆ. ಅವರು ಬಹುಶಃ 9211 ಅಂತಲೇ ಹಾಕುತ್ತಿದ್ದರು ಅನ್ನಿ.

#16 ಫಿಟ್ಟರ್ ಗುರು

ಪಟ್ಟಿ ಅನ್ನೋದು ಇದ್ದದ್ದನ್ನು ಎಣಿಸುವುದಕ್ಕೆ ಮಾಡಿದ್ದು, ಬೆಲೆ ಕಟ್ಟುವುದಕ್ಕಲ್ಲ. ಅದರಲ್ಲಿ ಜಾಗ ಚೆನ್ನಾಗಿಲ್ಲ ಅಂದರೆ ಕೆಲಸ ಕೀಳು ಅಂತಲ್ಲ. ತೆಂಗಿನ ಮರ ಹತ್ತುವವರಿಗೆ ತೆಂಗು ಅಭಿವೃದ್ಧಿ ಮಂಡಳಿ ಯಂತ್ರ ಕೊಟ್ಟು ತರಬೇತಿ ಶುರು ಮಾಡಿದ ಮೇಲೆ, ಎಷ್ಟೋ ಕಡೆ ಹುಡುಗರು, ಹೆಂಗಸರು ಸಹ ಅದನ್ನು ಒಂದು ವೃತ್ತಿಯಾಗಿ ಹಿಡಿದರು. ನಿಮ್ಮಲ್ಲಿ ಈಗ ಕಾರ್ಬನ್ ಫೈಬರ್ ದೋಟಿ ಬಂದಿದೆಯಲ್ಲ, ನೆಲದ ಮೇಲೆ ನಿಂತೇ ಕೊಯ್ಯುತ್ತಾರೆ. ಆ ದೋಟಿ ಹಿಡಿದವನ ಕೆಲಸವೂ ಕೊನೆಗೌಡನದ್ದೇನಾ ಅನ್ನೋದು ಇನ್ನೊಂದು ಜಗಳ.

#17 ಸುಮ್ನೆ ಓದುಗ

ದೋಟಿ ಬಂದಮೇಲೆ ನಮ್ಮ ಕಡೆ ಕೂಲಿ ದರವೂ ಜಾಸ್ತಿ ಆಯಿತು. ಅದನ್ನೂ ಮಕ್ಕಳಿಗೆ ಹೇಳಿ.

#18 ಗುಳೇದಗುಡ್ಡದ ಖಣ

ಮೇಷ್ಟ್ರೇ, ಒಂದು ಸಲಹೆ. ದೊಡ್ಡ ಪಟ್ಟಿ ಕಪಾಟಿನಲ್ಲಿ ಇರಲಿ. ಅದರ ಮಾದರಿ ಇಟ್ಟುಕೊಂಡು ಮಕ್ಕಳೇ ನಿಮ್ಮ ಊರಿನ ಕೆಲಸಗಳಿಗೆ ಕಾರ್ಡು ಬರೆಯಲಿ. ಕ್ರಿಯಾಪದ ಅಂದಿರಲ್ಲ, ಅದನ್ನೇ ಬರೆಸಿ. ಏನು ಮಾಡುತ್ತಾರೆ, ಯಾವುದರಿಂದ ಮಾಡುತ್ತಾರೆ, ಕಲಿಯಲು ಎಷ್ಟು ವರ್ಷ, ಯಾರಿಂದ ಕಲಿತರು, ಮೈಯಲ್ಲಿ ಎಲ್ಲಿ ನೋವು ಬರುತ್ತದೆ. ಈ ಕೊನೆಯದನ್ನು ಯಾವ ಸರ್ಕಾರಿ ಪುಸ್ತಕವೂ ಕೇಳಲ್ಲ. ನಮ್ಮಪ್ಪನಿಗೆ ಗುಂಡಿ ಮಗ್ಗದಲ್ಲಿ ಕೂತು ಕೂತು ಮಂಡಿ ಹೋಗಿದೆ. ಆ ಕೆಲಸ ಹಿಡಿಯುವವನಿಗೆ ಇದು ಮೊದಲೇ ಗೊತ್ತಿರಬೇಕು, ಅಲ್ವಾ?

#19 ಹಳೇ ವಿನಿಮಯ

ಇದು ಒಳ್ಳೇ ಯೋಚನೆ. ಕಾರ್ಡಿನ ಮೂಲೆಯಲ್ಲಿ ನಾಲ್ಕಂಕಿ ಕೋಡೂ ಹಾಕಿಸಿ. ಹಾಗೆ ಮಾಡಿದರೆ ಮಗು ಅದನ್ನು ಹಿಡಿದುಕೊಂಡು ದೊಡ್ಡ ಪುಸ್ತಕದಲ್ಲಿ ಅಕ್ಕಪಕ್ಕ ಏನಿದೆ ಅಂತ ನೋಡುತ್ತದೆ. ನ್ಯಾಷನಲ್ ಕೆರಿಯರ್ ಸರ್ವಿಸ್ ಪೋರ್ಟಲ್ಲೂ ಇದೆ, 2015ರಲ್ಲಿ ಶುರುವಾದದ್ದು, ನಮ್ಮ ಹಳೇ ವಿನಿಮಯ ಕಚೇರಿಯ ಹೊಸ ಅವತಾರ. ಅದು ಕೆಲಸ ಹುಡುಕುವ ವಯಸ್ಸಿಗೆ. ಹತ್ತನೇ ಕ್ಲಾಸಿಗೆ ಅವಸರ ಇಲ್ಲ.

#20 ಸಾಗರದ ಮೇಷ್ಟ್ರು

ಮೂರು ವಾರದ ಮೇಲೆ ಬರೆಯುತ್ತಿದ್ದೇನೆ, ಮಧ್ಯೆ ಪರೀಕ್ಷೆ ಇತ್ತು.

ಖಣ ಅವರ ಸಲಹೆಯಂತೆ ಮಾಡಿದೆವು. ಒಟ್ಟು 58 ಕಾರ್ಡು ಬಂದವು. ಒಬ್ಬಳು ಅಜ್ಜಿಯನ್ನು ಕೂರಿಸಿಕೊಂಡು ಸೂಲಗಿತ್ತಿ ಕೆಲಸ ಬರೆದಳು. ಇನ್ನೊಬ್ಬ ಬಸ್ ಸ್ಟ್ಯಾಂಡಿನ ಪಂಕ್ಚರ್ ಅಂಗಡಿ. ಒಬ್ಬ ನನ್ನದೇ ಕಾರ್ಡು ಬರೆದ. ನೋವು ಎಲ್ಲಿ ಅನ್ನುವ ಜಾಗದಲ್ಲಿ "ಗಂಟಲು" ಅಂತ ಸರಿಯಾಗಿಯೇ ಬರೆದಿದ್ದಾನೆ.

"ಕೊನೆಗೌಡ" ಹೊಡೆದುಹಾಕಿದ್ದ ಹುಡುಗ ಅಪ್ಪನ ಕಾರ್ಡು ತಂದ. ಕೋಡಿನ ಜಾಗದಲ್ಲಿ 9211, 6112 ಎರಡನ್ನೂ ಬರೆದು ಮಧ್ಯೆ ಪ್ರಶ್ನಾರ್ಥಕ ಚಿಹ್ನೆ ಹಾಕಿದ್ದ. ಮೊನ್ನೆ ಪೋಷಕರ ಸಭೆಗೆ ಅವನ ಅಪ್ಪ ಬಂದಿದ್ದರು. ಗೋಡೆಯ ಮೇಲೆ ಅಂಟಿಸಿದ ಕಾರ್ಡನ್ನು ನಿಂತುಕೊಂಡೇ ಎರಡು ಸಲ ಓದಿದರು. ಆಮೇಲೆ ನನ್ನ ಹತ್ತಿರ ಬಂದು ಮೆಲ್ಲಗೆ, "ಸಾರ್, ಕೊನೆ ಇಳಿಸೋ ಹಗ್ಗದ ವಿಷಯ ಬಿಟ್ಟಿದ್ದಾನೆ. ಕೆಳಗೆ ಹಗ್ಗ ಹಿಡಿಯೋನು ಸರಿ ಇಲ್ಲ ಅಂದ್ರೆ ಮೇಲಿರೋನ ಕೆಲಸ ಏನೂ ನಡೆಯಲ್ಲ. ಅವನಿಗೂ ಒಂದು ಕಾರ್ಡ್ ಬರೆಸಿ" ಅಂದರು.

ಗಣತಿ ಮೇಡಂ, ಹಗ್ಗ ಹಿಡಿಯುವವನ ಕೋಡು ಯಾವುದು ಹೇಳಿ?